ಪ್ರತಿಕ್ರಿಯೆ: ಇಂಗ್ಲೆಂಡಿನಲ್ಲಿ ಮಗಳ ಧಾರಾವಾಹಿ ಚಿತ್ರೀಕರಣಕ್ಕೆ ಶಾಲೆ ರಜೆ ಕೊಡುತ್ತಿಲ್ಲ
ಮುಖ್ಯೋಪಾಧ್ಯಾಯರು ಹಟ ಹಿಡಿದಿದ್ದಾರೆ ಎನ್ನುತ್ತೀರಿ. ನನಗೆ ಹಾಗೆ ಕಾಣುವುದಿಲ್ಲ. ಬಾಲನಟರ ಪರವಾನಗಿಗೆ ಅರ್ಜಿಯೇ ಹೋಗಿಲ್ಲದಿರುವುದು ಕಾರಣವಿರಬೇಕು. ನಾಲ್ಕು ದಿನಗಳವರೆಗಿನ ನಟನೆಗೆ ಪರವಾನಗಿ ಬೇಡವೆಂದು ಏಜೆಂಟ್ ಹೇಳಿದ ವಿನಾಯಿತಿಯನ್ನು ನಂಬಬೇಡಿ, ಶಾಲೆ ತಪ್ಪುವುದಾದರೆ ಒಂದು ದಿನದ ನಟನೆಗೂ ಪರವಾನಗಿ ಬೇಕು.

ಮೊದಲು ನಿರ್ಮಾಣ ಸಂಸ್ಥೆಗೆ ಬರೆಯಿರಿ. ಅರ್ಜಿ ಹಾಕಬೇಕಾದವರು ಅವರು. ನೀವು ಸಹಿ, ಜನನ ಪ್ರಮಾಣಪತ್ರದ ಪ್ರತಿ, ಭಾವಚಿತ್ರ ಕೊಟ್ಟರಾಯಿತು. ಅರ್ಜಿ ಸಲ್ಲಬೇಕಾದುದು ನೀವು ವಾಸಿಸುವ ಊರಿನ ಕೌನ್ಸಿಲ್‌ಗೆ (ಸ್ಥಳೀಯ ಆಡಳಿತಕ್ಕೆ), ಚಿತ್ರೀಕರಣದ ಊರಿನದಕ್ಕಲ್ಲ. ಆಮೇಲೆ ದಿನಾಂಕಗಳ ಪಟ್ಟಿಯೊಂದಿಗೆ ಶಾಲೆಯ ಒಪ್ಪಿಗೆ ಪತ್ರ ಕೇಳಿ. ಶಾಲಾ ದಿನಗಳಲ್ಲಿ ಸೆಟ್‌ನಲ್ಲೇ ಸರಾಸರಿ 3 ಗಂಟೆ ಪಾಠ ನಡೆಯಬೇಕೆಂಬ ನಿಯಮವಿದೆ. ಪಾಠ ಹೇಳುವವರು ಯಾರೆಂದು ಸಂಸ್ಥೆಯಿಂದ ಬರೆಸಿಕೊಂಡು ಹೋಗಿ. ನಮ್ಮ ಮಗನ ಶಾಲೆ ಮೆತ್ತಗಾದದ್ದು ಆ ಕಾಗದ ಕಂಡ ಮೇಲೆಯೇ.

ತೊಡಕಿರುವುದು ಸಮಯದ್ದು. ಚಿತ್ರೀಕರಣಕ್ಕೆ 21 ದಿನಗಳಿಗಿಂತ ಕಡಿಮೆ ಇದ್ದರೆ ಕೌನ್ಸಿಲ್ ಅರ್ಜಿಯನ್ನು ನಿರಾಕರಿಸಬಹುದು, ನಿಮಗೆ ಉಳಿದಿರುವುದು ಎರಡೇ ವಾರ. ಕೆಲವು ಕೌನ್ಸಿಲ್‌ಗಳು ಬೇಗ ಮುಗಿಸಿಕೊಡುತ್ತವೆ, ನಿಮ್ಮದು ಹೇಗೆಂದು ಹೇಳಲಾರೆ. ಮಕ್ಕಳ ಪರವಾನಗಿ ವಿಭಾಗಕ್ಕೆ ಇಂದೇ ಫೋನ್ ಮಾಡಿ. ಸೆಟ್‌ನಲ್ಲಿ ಮಗಳ ಜೊತೆ ನೀವೇ ಇರುವುದಾದರೆ ಕೌನ್ಸಿಲ್ ಒಪ್ಪಿದ ಮೇಲ್ವಿಚಾರಕರನ್ನು ಹುಡುಕುವ ಕೆಲಸ ತಪ್ಪುತ್ತದೆ. ಅದನ್ನೂ ಅರ್ಜಿಯಲ್ಲೇ ಬರೆಸಿ.