ದೂರಿನ ನೆಪದಲ್ಲಿ ವೇತನ ಬಡ್ತಿ ತಡೆಯಬಹುದೇ?

ಪ್ರಶ್ನೆ: ಸರ್ಕಾರಿ ಕಚೇರಿಯೊಂದರಲ್ಲಿ ದ್ವಿತೀಯ ದರ್ಜೆ ಸಹಾಯಕನಾಗಿ, ಬಡ್ತಿಯಿಲ್ಲದೆ 10 ವರ್ಷ ಪೂರೈಸಿದ್ದೇನೆ. ನನ್ನ ಮೇಲಿನ ದೂರೊಂದು ಪರಿಶೀಲನೆಯಲ್ಲಿದೆಯೆಂದು ಬಾಯಿಮಾತಿನಲ್ಲಿ ಹೇಳಿ, ಹುದ್ದೆ ಬದಲಾಗದೆ ಮೇಲಿನ ವೇತನ ಶ್ರೇಣಿ ಕೊಡುವ ಕಾಲಬದ್ಧ ವೇತನ ಬಡ್ತಿಯನ್ನು ತಡೆದಿದ್ದಾರೆ. ಆರೋಪ ಪಟ್ಟಿ ಬಂದಿಲ್ಲ. ಇದು ನ್ಯಾಯವೇ?
– ಓದುಗರೊಬ್ಬರು, ಹೊಳಲ್ಕೆರೆ, ಚಿತ್ರದುರ್ಗ ಜಿಲ್ಲೆ

ಉತ್ತರ: ನೀವು ಹೇಳಿದ ಕಾರಣವೊಂದೇ ಆಗಿದ್ದರೆ, ನನ್ನ ಅಭಿಪ್ರಾಯದಲ್ಲಿ ನ್ಯಾಯವಲ್ಲ. ಕಾಲಬದ್ಧ ವೇತನ ಬಡ್ತಿಗೆ ಸೇವಾವಧಿಯ ಜೊತೆಗೆ ತೃಪ್ತಿಕರ ಸೇವೆಯೂ ಬೇಕೆಂಬುದು ನಿಜ. ಆದರೆ ಆ ತೃಪ್ತಿಯನ್ನು ದಾಖಲೆಗಳಿಂದ ಅಳೆಯಬೇಕೇ ಹೊರತು ಕಚೇರಿಯ ಗುಸುಗುಸುವಿನಿಂದಲ್ಲ. ಜಾನಕಿರಾಮನ್ ಪ್ರಕರಣದಲ್ಲಿ (1991) ಸುಪ್ರೀಂ ಕೋರ್ಟ್, ಆರೋಪ ಪಟ್ಟಿ ಜಾರಿಯಾದ ಮೇಲಷ್ಟೇ ಶಿಸ್ತು ಕ್ರಮ ಆರಂಭವಾಯಿತೆಂದು ಪರಿಗಣಿಸಿ ಬಡ್ತಿಯ ತೀರ್ಮಾನವನ್ನು ಮುಚ್ಚಿದ ಲಕೋಟೆಯಲ್ಲಿಡಬಹುದು (ಅಂದರೆ ಕ್ರಮ ಮುಗಿಯುವವರೆಗೆ ಪ್ರಕಟಿಸದೆ ತಡೆಹಿಡಿಯಬಹುದು), ಪ್ರಾಥಮಿಕ ತನಿಖೆ ನಡೆಯುತ್ತಿದೆ ಎಂಬುದು ಸಾಲದು ಎಂದಿದೆ. ಅದು ಹುದ್ದೆಯ ಬಡ್ತಿಗೆ ಸಂಬಂಧಿಸಿದ ತೀರ್ಪಾದರೂ ಅದರ ತರ್ಕ ನಿಮಗೂ ನೆರವಾಗುತ್ತದೆ. ವಾರ್ಷಿಕ ಕಾರ್ಯನಿರ್ವಹಣಾ ವರದಿಯ ಷರಾ ಕಾರಣವೆನ್ನುವುದಾದರೆ, ದೇವದತ್ತ ಪ್ರಕರಣದ (2008) ತೀರ್ಪಿನಂತೆ ಅದನ್ನು ನಿಮಗೆ ಮೊದಲೇ ತಿಳಿಸಿರಬೇಕಿತ್ತು.

ಮೊದಲು ಲಿಖಿತ ಮನವಿ ಕೊಟ್ಟು ಸ್ವೀಕೃತಿ ಪಡೆಯಿರಿ. ಬಾಯಿಮಾತಿನ ನಿರಾಕರಣೆಯನ್ನು ಪ್ರಶ್ನಿಸುವುದು ಗಾಳಿಗೆ ಗುದ್ದಿದಂತೆ. ತಿರಸ್ಕಾರದ ಆದೇಶ ಬಂದರೆ ಒಂದು ವರ್ಷದೊಳಗೆ, ಆರು ತಿಂಗಳಾದರೂ ಉತ್ತರವೇ ಬಾರದಿದ್ದರೆ ಅಲ್ಲಿಂದ ಒಂದು ವರ್ಷದೊಳಗೆ, ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ ಅರ್ಜಿ ಸಲ್ಲಿಸಬೇಕು. ತಡ ಮಾಡಬೇಡಿ: ಗೆದ್ದರೂ ವೇತನದ ಹಿಂಬಾಕಿಯನ್ನು ಸಾಮಾನ್ಯವಾಗಿ ಅರ್ಜಿಗೆ ಹಿಂದಿನ ಮೂರು ವರ್ಷಗಳಿಗೆ ಸೀಮಿತಗೊಳಿಸುತ್ತಾರೆ.