ಸಚಿವಾಲಯದ ಆರ್ವೆ ಯೋನ್ಸೆನ್ ನಾರ್ವೆಯ ಸರ್ಕಾರಿ ತೈಲ ಕಂಪನಿಯ ಮುಖ್ಯಸ್ಥರಾದದ್ದು ಹೇಗೆ?

ಅವರಿದ್ದ ಕೈಗಾರಿಕಾ ಸಚಿವಾಲಯವೇ ಆ ಕಂಪನಿಯ ಯೋಜನೆ ಹಾಕಿತ್ತು. ಅದನ್ನು ನಡೆಸುವ ಹೊಣೆಯೂ ಅವರ ಹೆಗಲೇರಿತು. ವಕೀಲಿ ಓದಿ, ನಾರ್ಸ್ಕ್ ಹೈಡ್ರೋ ಎಂಬ ನಾರ್ವೆಯ ಕೈಗಾರಿಕಾ ಕಂಪನಿಯಲ್ಲಿ ದುಡಿದಿದ್ದ ಯೋನ್ಸೆನ್, 1971ರಲ್ಲಿ ಲೇಬರ್ ಪಕ್ಷದ ಸರ್ಕಾರದಲ್ಲಿ ಆ ಸಚಿವಾಲಯದ ರಾಜ್ಯ ಕಾರ್ಯದರ್ಶಿಯಾದರು. ನಮ್ಮ ಉಪಸಚಿವರ ಹುದ್ದೆಗೆ ಹತ್ತಿರದ್ದು ಅದು. 1972ರ ಜೂನ್ 14ರಂದು ಸಂಸತ್ತು ಸ್ಟಾಟಾಯಿಲ್ ಎಂಬ ಆ ತೈಲ ಕಂಪನಿಯ ಸ್ಥಾಪನೆಗೆ ಒಪ್ಪಿತು. ಅದೇ ವರ್ಷ, 38ರ ವಯಸ್ಸಿನಲ್ಲಿ ಅವರು ಅದರ ಮೊದಲ ಮುಖ್ಯಸ್ಥರಾದರು.

ಕೈಯಲ್ಲಿ ಒಂದು ಬಾವಿಯೂ ಇಲ್ಲದ ಕಂಪನಿ ಬೆಳೆದದ್ದರ ಗುಟ್ಟು ಆಗಿನ ಪರವಾನಗಿಯ ನಿಯಮದಲ್ಲಿತ್ತು. ಸಮುದ್ರದಲ್ಲಿ ತೈಲ ಹುಡುಕುವ ಹೊಸ ಪರವಾನಗಿಗಳಲ್ಲಿ ಕನಿಷ್ಠ ಅರ್ಧ ಪಾಲು ಸ್ಟಾಟಾಯಿಲ್ ಮೂಲಕ ಸರ್ಕಾರದ್ದಾಗಿತ್ತು, ಶೋಧನೆಯ ಖರ್ಚು ಮಾತ್ರ ವಿದೇಶಿ ಪಾಲುದಾರರದ್ದಾಗಿತ್ತು. ತೈಲ ಸಿಗದಿದ್ದರೆ ನಷ್ಟ ಅವರಿಗೆ, ಸಿಕ್ಕರೆ ಅರ್ಧ ಇವರಿಗೆ! 1974ರಲ್ಲಿ ಮೊಬಿಲ್ ಕಂಪನಿ ಕೊರೆದ ಬಾವಿಯಲ್ಲಿ ಸ್ಟಾಟ್‌ಫ್ಯೋರ್ಡ್ ಎಂಬ ಭಾರಿ ನಿಕ್ಷೇಪ ಸಿಕ್ಕಾಗ ಇದರ ಬೆಲೆ ಎಲ್ಲರಿಗೂ ಗೊತ್ತಾಯಿತು.

ರಾಜಕೀಯ ಬಲ್ಲವರಿಗೆ ಇಂಥ ನಿಯಮ ಕಾಪಾಡಿಕೊಳ್ಳುವುದು ಸುಲಭ. ಲೆಕ್ಕ ಹಿಡಿತದಲ್ಲಿಡುವುದು ಬೇರೆಯೇ ವಿದ್ಯೆ ಎಂದು ನನಗನ್ನಿಸುತ್ತದೆ. ಸ್ಟಾಟಾಯಿಲ್‌ನ ಮೊಂಗ್‌ಸ್ಟಾಡ್ ತೈಲ ಶುದ್ಧೀಕರಣ ಘಟಕದ ವಿಸ್ತರಣೆಯ ಖರ್ಚು ಅಂದಾಜನ್ನು ಸುಮಾರು 600 ಕೋಟಿ ನಾರ್ವೆ ಕ್ರೋನರ್‌ನಷ್ಟು ಮೀರಿತು. ಜನ ಅಷ್ಟು ಮೊತ್ತಕ್ಕೆ ‘ಒಂದು ಮೊಂಗ್’ ಎಂದು ಹೆಸರಿಟ್ಟು ನಕ್ಕರು. ಈ ಗದ್ದಲದ ನಡುವೆ 1987ರಲ್ಲಿ ಯೋನ್ಸೆನ್ ರಾಜೀನಾಮೆ ಕೊಟ್ಟರು.