ಮಾತು ಮರೆತವನ ಪರವಾಗಿ

ಪತ್ರ: ಕಳೆದ ಸಂಚಿಕೆಯಲ್ಲಿ ಅರ್ಜೆಂಟೀನಾದ ಟಿವಿ ಹಾಸ್ಯನಟ ಆಲ್ಬೆರ್ತೊ ಓಲ್ಮೆದೊ ಬಗ್ಗೆ ಒಂದು ಪುಟ ಕೊಟ್ಟಿದ್ದೀರಿ. ಓದಿದ ಮೇಲೆ ಕುತೂಹಲಕ್ಕೆ ಆತನ ಕೆಲವು ತುಣುಕುಗಳನ್ನು ನೋಡಿದೆ. ಭಾಷೆ ಬರದಿದ್ದರೂ ಒಂದು ವಿಷಯ ಗೊತ್ತಾಯಿತು. ಆ ಮನುಷ್ಯನಿಗೆ ಮಾತು ಬಾಯಿಪಾಠವೇ ಆಗಿಲ್ಲ. ಮಧ್ಯದಲ್ಲಿ ತಾನೇ ನಗುತ್ತಾನೆ. ಕ್ಯಾಮೆರಾ ಹಿಂದೆ ನಿಂತವರ ಜತೆ ಹರಟುತ್ತಾನೆ. ಸುತ್ತ ಅರೆಬಟ್ಟೆಯ ಹೆಣ್ಣುಮಕ್ಕಳು ಬೇರೆ. ಅದೇ ದೇಶದಲ್ಲಿ ತಾತೊ ಬೋರೆಸ್ ಎಂಬ ಇನ್ನೊಬ್ಬರಿದ್ದರಂತೆ. ಅಧ್ಯಕ್ಷರನ್ನೇ ಗೇಲಿ ಮಾಡಿದವರು, ಒಂದಕ್ಷರ ತಪ್ಪದೆ ಪಟಪಟನೆ ಮಾತಾಡಿದವರು. ಅವರನ್ನು ಬಿಟ್ಟು ಈ ಅಶುದ್ಧ ಭಾಷೆಯ ವಿದೂಷಕನಿಗೆ ಪುಟ ಕೊಟ್ಟಿದ್ದು ಸರಿಯೇ?
— ಓದುಗರೊಬ್ಬರು, ದಾವಣಗೆರೆ

ಉತ್ತರ: ಮೊದಲಿಗೆ ಒಂದು ಶಹಭಾಷ್. ಪತ್ರಿಕೆ ಓದಿ ಮಡಿಚಿಡದೆ, ಗೊತ್ತಿಲ್ಲದ ಭಾಷೆಯ ಕಾರ್ಯಕ್ರಮ ಹುಡುಕಿ ನೋಡಿದಿರಿ. ಇಂಥ ಓದುಗರು ಎಷ್ಟು ಜನ ಸಿಗುತ್ತಾರೆ? ಆದರೆ ನೋಡಿದ್ದನ್ನೆಲ್ಲ ಸರಿಯಾಗಿ ನೋಡಿ, ತೀರ್ಪು ಮಾತ್ರ ಉಲ್ಟಾ ಕೊಟ್ಟಿದ್ದೀರಿ. ಹಾಗಾಗಿ ಈ ಸಲ ಉತ್ತರ ಸ್ವಲ್ಪ ಉದ್ದವಾಗುತ್ತದೆ.

ತಾತೊ ಬೋರೆಸ್ ದೊಡ್ಡವರು, ಅದರಲ್ಲಿ ತಕರಾರಿಲ್ಲ. ನಿಜವಾದ ಹೆಸರು ಮೌರಿಸಿಯೊ ಬೊರೆನ್‌ಸ್ಟೈನ್. ಟೈಲ್‌ಕೋಟು, ಕೆದರಿದ ವಿಗ್ಗು, ದಪ್ಪ ಕನ್ನಡಕ, ಕೈಯಲ್ಲೊಂದು ಸಿಗಾರ್. ಫೋನೆತ್ತಿ ದೇಶದ ಅಧ್ಯಕ್ಷರ ಜತೆ ಮಾತಾಡಿದ ಹಾಗೆ ನಟಿಸುವುದು ಅವರ ಟ್ರೇಡ್‌ಮಾರ್ಕು. 1992ರಲ್ಲಿ ಸೆರ್ವಿನಿ ದೆ ಕುಬ್ರಿಯಾ ಎಂಬ ನ್ಯಾಯಾಧೀಶೆ ತಮ್ಮ ಬಗ್ಗೆ ಅವರು ಆಡಿದ ಮಾತು ಪ್ರಸಾರವಾಗದಂತೆ ಕೋರ್ಟಿನಿಂದ ತಡೆ ತಂದರು. ಆಮೇಲೆ ದೇಶದ ನಟರು, ಗಾಯಕರು ಸೇರಿ ಆಕೆಯ ಹೆಸರನ್ನು ಬೇಕಂತಲೇ ತಿರುಚಿ, ಆಕೆಯನ್ನು ಹೊಗಳುವ ಹಾಡನ್ನು ಅದೇ ಕಾರ್ಯಕ್ರಮದಲ್ಲಿ ಸಾಮೂಹಿಕವಾಗಿ ಹಾಡಿದರು! ಅದೇ ವರ್ಷ ಸುಪ್ರೀಂ ಕೋರ್ಟು ಆ ತಡೆಯನ್ನು ಕಿತ್ತುಹಾಕಿತು. ಇಂಥವರಿಗೆ ಯಾರು ತಾನೇ ಕೈ ಮುಗಿಯುವುದಿಲ್ಲ?

ಆದರೆ ಒಂದು ಮಾತು. ತಾತೊ ಹೇಳುತ್ತಿದ್ದುದನ್ನು ಬರೆದುಕೊಡಲು ಒಳ್ಳೊಳ್ಳೆಯ ಬರಹಗಾರರಿದ್ದರು. ಆ ಪುಟಗಳನ್ನು ನೀವು ಓದಿದರೂ ಅರ್ಧ ಮಜಾ ಸಿಗುತ್ತದೆ. ಓಲ್ಮೆದೊನ ಸ್ಕ್ರಿಪ್ಟು ಓದಿದರೆ ಏನೂ ಸಿಗುವುದಿಲ್ಲ. ಅವನಿಲ್ಲದೆ ಅದು ಬರೀ ಕಾಗದ. ನನಗೆ ಅವನು ಇಷ್ಟವಾಗುವುದು ಅದಕ್ಕೇ.

ಅವನು ಹುಟ್ಟಿದ್ದು 1933ರ ಆಗಸ್ಟ್ 24ರಂದು, ರೊಸಾರಿಯೊ ಊರಿನ ಪಿಚಿಂಚಾ ಬಡಾವಣೆಯಲ್ಲಿ. ಕಡುಬಡತನ. ಚಿಕ್ಕವನಿರುವಾಗಲೇ ತರಕಾರಿ ಅಂಗಡಿ, ಮಾಂಸದಂಗಡಿಯಲ್ಲಿ ಕೆಲಸ. ಸ್ವಲ್ಪ ದೊಡ್ಡವನಾದ ಮೇಲೆ ನ್ಯೂವೆಲ್ಸ್ ಓಲ್ಡ್ ಬಾಯ್ಸ್ ಕ್ಲಬ್ಬಿನಲ್ಲಿ ಲಾಗ ಹೊಡೆಯುವ ತಂಡ ಸೇರಿದ. ಈಗ ಮೆಸ್ಸಿ ಬಾಲ್ಯದಲ್ಲಿ ಆಡಿದ ಕ್ಲಬ್ಬು ಅಂತ ಎಲ್ಲರಿಗೂ ಗೊತ್ತಲ್ಲ, ಅದೇ. ಅಷ್ಟೊತ್ತಿಗೆ ಊರಿನ ಲಾ ಕೊಮೇದಿಯಾ ಥಿಯೇಟರಿನಲ್ಲಿ ಇನ್ನೊಂದು ಕೆಲಸವೂ ಸಿಕ್ಕಿತ್ತು. ಚಪ್ಪಾಳೆ ತಟ್ಟುವ ಕೆಲಸ.

ತಮಾಷೆಯಲ್ಲ, ಅದೊಂದು ಹಳೇ ಕಸುಬು. ಹತ್ತೊಂಬತ್ತನೇ ಶತಮಾನದ ಪ್ಯಾರಿಸ್ಸಿನಲ್ಲಿ ಇದಕ್ಕೆ ಗುತ್ತಿಗೆದಾರರೇ ಇದ್ದರು. ಅಲ್ಲಿನ ಅಪೆರಾದಲ್ಲಿ ಒಗ್ಯುಸ್ತ್ ಲೆವಸ್ಸೂರ್ ಎಂಬಾತ ಚಪ್ಪಾಳೆ ಪಡೆಯ ಮುಖ್ಯಸ್ಥ. ಯಾವ ಸಾಲಿಗೆ ಎಷ್ಟು ಜೋರಾಗಿ ತಟ್ಟಬೇಕು ಎಂದು ಮೊದಲೇ ಲೆಕ್ಕ ಹಾಕಿಕೊಳ್ಳುತ್ತಿದ್ದ. ಪ್ಯಾರಿಸ್ಸಿನ ಇಂಥ ಪಡೆಗಳಲ್ಲಿ ನಗುವುದಕ್ಕೆ ಬೇರೆ ಜನ, ಅಳುವುದಕ್ಕೆ ಬೇರೆ ಜನ, ಒನ್ಸ್ ಮೋರ್ ಕೂಗುವುದಕ್ಕೆ ಬೇರೆ ಜನ. ಆ ಕಸುಬನ್ನು ಕಲಿತ ಹುಡುಗನಿಗೆ ಏನು ಗೊತ್ತಾಗುತ್ತದೆ ಹೇಳಿ? ಜನ ನಿಜವಾಗಿ ನಕ್ಕರೆ ಹೇಗಿರುತ್ತದೆ, ಸುಮ್ನೆ ನಕ್ಕರೆ ಹೇಗಿರುತ್ತದೆ ಅನ್ನುವುದು ಗೊತ್ತಾಗುತ್ತದೆ. ನಾಟಕ ಶಾಲೆಯಲ್ಲಿ ಹೇಳಿಕೊಡದ ವಿದ್ಯೆ ಅದು.

ಆಮೇಲೆ ಬ್ಯೂನಸ್ ಐರಿಸ್‌ಗೆ ಹೋದ. ಅರ್ಜೆಂಟೀನಾದಲ್ಲಿ ಟಿವಿ ಶುರುವಾಗಿದ್ದು 1951ರಲ್ಲಿ. ಕೆಲವೇ ವರ್ಷಗಳಲ್ಲಿ ಆ ಮೊದಲ ಚಾನೆಲ್, ಕನಾಲ್ 7ರಲ್ಲಿ, ಇವನು ಕೆಲಸಕ್ಕಿದ್ದ. ನಟನಾಗಿ ಅಲ್ಲ, ಸ್ವಿಚರ್ ಆಗಿ. ಎಲ್ಲ ಕ್ಯಾಮೆರಾಗಳ ಚಿತ್ರವೂ ಅವನ ಮುಂದೆ ಬರುತ್ತದೆ. ಯಾವುದು ಮನೆಮನೆಗೆ ಹೋಗಬೇಕೋ ಅದರ ಗುಂಡಿ ಒತ್ತಬೇಕು. ನೇರ ಪ್ರಸಾರದ ಕಾಲ. ಒಂದು ಕ್ಷಣ ತಡವಾದರೆ ನಟ ತಪ್ಪು ಕ್ಯಾಮೆರಾ ನೋಡಿಕೊಂಡು ಪ್ರೇಮ ನಿವೇದನೆ ಮಾಡುತ್ತಿರುತ್ತಾನೆ. ಸೆಟ್ಟಿನ ಗೋಡೆ ರಟ್ಟಿನದು, ಬಾಗಿಲು ತಳ್ಳಿದರೆ ಗೋಡೆಯೇ ಅಲ್ಲಾಡುತ್ತದೆ, ಇವೆಲ್ಲ ಅವನಿಗೆ ಒಳಗಿನಿಂದ ಗೊತ್ತು. ವರ್ಷದ ಕೊನೆಯಲ್ಲಿ ಚಾನೆಲ್ ಸಿಬ್ಬಂದಿಗೆ ಒಂದು ಊಟ ಏರ್ಪಾಡಾಗಿತ್ತು. ಅಲ್ಲಿ ಸುಮ್ಮನೆ ಎದ್ದು ನಿಂತು ಏನೋ ಮಾಡಿ ಎಲ್ಲರನ್ನೂ ನಗಿಸಿದ. ಮೇಲಧಿಕಾರಿಗಳು ನೋಡಿದರು, ಪಾತ್ರ ಕೊಟ್ಟರು.

1960ರಲ್ಲಿ ಮಕ್ಕಳಿಗಾಗಿ ಕ್ಯಾಪ್ಟನ್ ಪಿಲೂಸೊ ಆದ. ಬಟ್ಟೆಯ ಗುಂಡು ಟೋಪಿ, ಜತೆಗೆ ಕೊಕೀತೊ ಎಂಬ ಗೆಳೆಯನಾಗಿ ಉಂಬೆರ್ತೊ ಓರ್ತಿಸ್. ಸಾಹಸ ಮಧ್ಯದಲ್ಲಿರುವಾಗಲೇ 'ಹಾಲು ಕುಡೀಬಾ' ಎಂಬ ಕರೆ ಬರುತ್ತಿತ್ತು, ಕ್ಯಾಪ್ಟನ್ ಸಾಹಸ ಬಿಟ್ಟು ಓಡುತ್ತಿದ್ದ. ಟಿವಿ ಮುಂದೆ ಕೂತ ಮಕ್ಕಳೂ ಲೋಟ ಎತ್ತುತ್ತಿದ್ದವು. ಇಂದಿಗೂ ಅರ್ಜೆಂಟೀನಾದಲ್ಲಿ ಅಂಥ ಟೋಪಿ ಬೇಕಾದರೆ ಅಂಗಡಿಯಲ್ಲಿ ಪಿಲೂಸೊ ಕೊಡಿ ಅನ್ನುತ್ತಾರೆ. ನಮ್ಮಲ್ಲಿ ಪ್ರಶಸ್ತಿ ಕೊಡುವ ಅಕಾಡೆಮಿಗಳು ಇಂಥದ್ದನ್ನು ಸಾಧನೆ ಅಂತ ಲೆಕ್ಕಕ್ಕೆ ತಗೊಳ್ಳುವುದಿಲ್ಲ, ಬಿಡಿ.

ನೀವು ನೋಡಿದ ತುಣುಕುಗಳು ಬಹುಶಃ 'ನೊ ತೋಕಾ ಬೊತೊನ್' ಕಾರ್ಯಕ್ರಮದವು. 1981ರಿಂದ 1987ರವರೆಗೆ ಬಂತು. ಬರೆದು ನಿರ್ದೇಶಿಸಿದವರು ಊಗೊ ಸೊಫೊವಿಚ್. ಅದರಲ್ಲಿ ಮಾನೊಸಾಂತಾ ಎಂಬ ಬುರುಡೆ ಬಾಬಾ ಇದ್ದಾನೆ. ಮಂತ್ರ ಹಾಕಿ ವಾಸಿ ಮಾಡುತ್ತೇನೆ ಅನ್ನುವವನು. ಯಾರಾದರೂ ಅನುಮಾನ ಪಟ್ಟರೆ 'ನನ್ನ ಮೇಲೆ ನಂಬಿಕೆ ಇಲ್ಲ ಅಂದ್ರೆ ಹೇಗೆ' ಅಂತ ಮುಖ ಸಪ್ಪೆ ಮಾಡಿಕೊಳ್ಳುತ್ತಾನೆ. ಕೋಸ್ತಾ ಪೋಬ್ರೆ ಎಂಬ ಇಲ್ಲದ ದೇಶದ ಸರ್ವಾಧಿಕಾರಿ ಇದ್ದಾನೆ. 1983ರ ಡಿಸೆಂಬರಿನವರೆಗೂ ಸೇನೆಯೇ ಆಳುತ್ತಿದ್ದ ದೇಶದ ಟಿವಿಯಲ್ಲಿ ಇಂಥ ಪಾತ್ರ! ಇನ್ನು ಬೋರ್ಹೆಸ್ ಮತ್ತು ಆಲ್ವಾರೆಸ್. ಓಲ್ಮೆದೊ ಮತ್ತು ಹಾವಿಯೆರ್ ಪೋರ್ತಾಲೆಸ್ ಸೋಫಾ ಮೇಲೆ ಕೂತು ಹರಟೆ ಹೊಡೆಯುವುದು, ಅಷ್ಟೇ ವಿಷಯ. ಕಥೆಯಿಲ್ಲ, ತಿರುವಿಲ್ಲ.

ಈ ಸೋಫಾವನ್ನು ಇನ್ನೊಂದು ಸಲ ನೋಡಿ. ಓಲ್ಮೆದೊಗೆ ಮಾತು ಮರೆತುಹೋಗುತ್ತದೆ. ಮರೆತಿದ್ದನ್ನು ಮುಚ್ಚಿಡುವುದಿಲ್ಲ. ಪೋರ್ತಾಲೆಸ್ ಕಡೆ ನೋಡುತ್ತಾನೆ. ಪೋರ್ತಾಲೆಸ್ ಪಕ್ಕಾ ನಾಟಕದ ಮನುಷ್ಯ, ಗಂಭೀರ ಮುಖ. ಆ ಮುಖ ನಿಧಾನವಾಗಿ ಒಡೆಯುತ್ತದೆ. ಮೀಸೆ ಕೆಳಗೆ ತುಟಿ ಬಿಗಿ ಹಿಡಿಯುತ್ತಾನೆ, ಆಗುವುದಿಲ್ಲ. ಕ್ಯಾಮೆರಾ ಹಿಂದಿನವರು ನಗುವುದು ಕೇಳಿಸುತ್ತದೆ. ಓಲ್ಮೆದೊ ಅವರ ಕಡೆ ತಿರುಗುತ್ತಾನೆ, ಅವರನ್ನೂ ಆಟಕ್ಕೆ ಎಳೆದುಕೊಳ್ಳುತ್ತಾನೆ. ಕೆಲವೊಮ್ಮೆ ಸೆಟ್ಟು ಬಿಟ್ಟು ಆಚೆಯೇ ನಡೆದುಬಿಡುತ್ತಾನೆ. ರಟ್ಟಿನ ಗೋಡೆಯ ಹಿಂಭಾಗ, ವೈರು, ದೀಪ ಎಲ್ಲ ಕಾಣಿಸುತ್ತದೆ. ನೀವು ಇದನ್ನು ಮಾತು ಬಾಯಿಪಾಠವಾಗಿಲ್ಲ ಅಂದಿರಿ. ಸ್ವಾಮಿ, ಅವನು ಕೈ ಹಿಡಿದು ತನ್ನ ಹಳೇ ಆಫೀಸು ತೋರಿಸುತ್ತಿದ್ದಾನೆ. ಗುಂಡಿ ಒತ್ತುತ್ತಿದ್ದವನಿಗೆ ಮಾತ್ರ ಬರುವ ಧೈರ್ಯ ಅದು. ಯಾವ ಕ್ಯಾಮೆರಾ ತನ್ನ ಹಿಂದೆ ಬರಬಲ್ಲದು, ಎಷ್ಟು ದೂರ ಬರಬಲ್ಲದು ಎಂದು ತಿಳಿದೇ ಹೆಜ್ಜೆ ಇಡುತ್ತಾನೆ.

ಧೈರ್ಯ ಅಂದೆ. ಅದರ ಬೆಲೆಯೂ ಕೇಳಿ. 1976ರ ಮಾರ್ಚ್ 24ರಂದು ಸೇನೆ ಅಧಿಕಾರ ಕಿತ್ತುಕೊಂಡಿತು. ಚಾನೆಲ್‌ಗಳೂ ಸೇನೆಯ ಕೈಗೆ ಹೋದವು. ಕೆಲವೇ ವಾರಗಳ ನಂತರ ಓಲ್ಮೆದೊನ 'ಎಲ್ ಚುಪೇತೆ' ಕಾರ್ಯಕ್ರಮ ವಿಚಿತ್ರವಾಗಿ ಶುರುವಾಯಿತು. ವಾರ್ತೆ ಓದುವ ಧಾಟಿಯಲ್ಲಿ, ಆಲ್ಬೆರ್ತೊ ಓಲ್ಮೆದೊ ಇನ್ನಿಲ್ಲ ಎಂಬ ಪ್ರಕಟಣೆ. ಜನ ನಂಬಿಬಿಟ್ಟರು. ಆಮೇಲೆ ಅವನು ನಗುತ್ತಾ ಬಂದ. ಮೇಲಿನವರಿಗೆ ನಗು ಬರಲಿಲ್ಲ. ಕಾರ್ಯಕ್ರಮ ನಿಂತಿತು, ಅವನು ಸುಮಾರು ಎರಡು ವರ್ಷ ಟಿವಿಯಿಂದ ದೂರ ಉಳಿದ. ಅದೇ ವಾರಗಳಲ್ಲಿ ಜನರನ್ನು ರಾತ್ರೋರಾತ್ರಿ ಮನೆಯಿಂದ ಎತ್ತಿಕೊಂಡು ಹೋಗುತ್ತಿದ್ದರು. ಹೋದವರು ಬರುತ್ತಿರಲಿಲ್ಲ. ಪ್ರಜಾಪ್ರಭುತ್ವ ಬಂದ ಮೇಲೆ ತನಿಖಾ ಆಯೋಗವು ಹೀಗೆ ಕಾಣೆಯಾದ 8,961 ಜನರ ಪಟ್ಟಿ ಮಾಡಿತು. ಮಾನವ ಹಕ್ಕು ಸಂಘಟನೆಗಳು 30,000 ಎನ್ನುತ್ತವೆ. ಅಂಥ ಹೊತ್ತಿನಲ್ಲಿ ಒಬ್ಬ ನಗೆಗಾರ ಕಾಣೆಯಾಗಿ ವಾಪಸ್ ಬಂದು ತೋರಿಸಿದ. ಅವನಿಗೆ ಅದರ ಅರ್ಥ ಎಷ್ಟು ಗೊತ್ತಿತ್ತೋ ಏನೋ. ಸೆನ್ಸಾರಿನವರಿಗೆ ಚೆನ್ನಾಗಿ ಗೊತ್ತಾಯಿತು. ತಾತೊ ರಾಜಕೀಯದವರು, ಓಲ್ಮೆದೊ ಬರೀ ಕೋಡಂಗಿ ಎಂಬ ನಿಮ್ಮ ಗೆರೆ ಇಲ್ಲಿ ಅಳಿಸಿಹೋಗುತ್ತದೆ, ಅಲ್ವಾ?

ಹೆಣ್ಣುಮಕ್ಕಳ ವಿಷಯ ಎತ್ತಿದ್ದೀರಿ. ಒಪ್ಪಿದೆ. ಅವನ ಸ್ಕೆಚ್‌ಗಳಲ್ಲಿ, ಹೊರ್ಹೆ ಪೊರ್ಸೆಲ್ ಜತೆ ಮಾಡಿದ ಸಿನಿಮಾಗಳಲ್ಲಿ ಹೆಣ್ಣನ್ನು ತೋರಿಸಿದ ರೀತಿ ಇವತ್ತು ನೋಡಿದರೆ ಮುಜುಗರವಾಗುತ್ತದೆ. ಆಗಬೇಕಾದದ್ದೇ. ಅಲ್ಲಿನ ಹೆಣ್ಣುಮಕ್ಕಳೂ ಇದನ್ನು ಖಾರವಾಗಿಯೇ ಹೇಳಿದ್ದಾರೆ.

ಆದರೆ 'ಅಶುದ್ಧ ಭಾಷೆ' ಅಂದಿರಲ್ಲ, ಅದನ್ನು ಬಿಡುವುದಿಲ್ಲ. ಅದೇ ದೇಶದಲ್ಲಿ ನಿನಿ ಮಾರ್ಷಲ್ ಎಂಬ ಮಹಾ ಹಾಸ್ಯನಟಿ ಇದ್ದರು. ವಲಸೆ ಬಂದವರ, ಮನೆಗೆಲಸದವರ ಮಾತನ್ನು ಕಿವಿಗೊಟ್ಟು ಕೇಳಿ ಪಾತ್ರ ಕಟ್ಟಿದವರು. ಸ್ಪೇನಿನಿಂದ ಬಂದ ಕೆಲಸದಾಕೆ ಕಾಂದಿದಾ, ಇಟಲಿಯವರ ಮಗಳು ಕತೀತಾ. 1943ರಲ್ಲಿ ಬಂದ ಸೇನಾ ಸರ್ಕಾರ ಈಕೆ ಭಾಷೆ ಕೆಡಿಸುತ್ತಾರೆ ಎಂದು ರೇಡಿಯೊದಿಂದ ಹೊರಗಿಟ್ಟಿತು! ನೀವು ಬಲು ಒಳ್ಳೆಯವರು, ನನಗೆ ಗೊತ್ತು. ಆದರೂ ಪತ್ರ ಬರೆಯುವಾಗ ಯಾರ ಪಕ್ಕ ಕೂತಿದ್ದೇವೆ ಅಂತ ಒಮ್ಮೆ ತಿರುಗಿ ನೋಡಬೇಕು. ಶುದ್ಧ ಭಾಷೆಯ ಹುಚ್ಚು ಹಿಡಿದವರು ಮೊದಲು ಕತ್ತರಿ ಹಾಕುವುದು ನಗುವಿಗೇ.

ಈಗ ನನ್ನ ಹಳೇ ಸಂಕಟಕ್ಕೆ ಬರುತ್ತೇನೆ. ಕೆಲವು ವರ್ಷಗಳ ಹಿಂದೆ ಒಂದು ಟಿವಿ ಹಾಸ್ಯ ಕಾರ್ಯಕ್ರಮದ ಚಿತ್ರೀಕರಣಕ್ಕೆ ಪ್ರೇಕ್ಷಕನಾಗಿ ಹೋಗಿದ್ದೆ. ಚಾನೆಲ್ ಹೆಸರು ಬೇಡ. ನಟರು ಬರುವ ಮೊದಲೇ ಒಬ್ಬ ಹುಡುಗ ಬಂದು ನಮ್ಮನ್ನು ನಗಿಸಿದ. ನಗಿಸಿದ ಅಂದರೆ, 'ಈಗ ಜೋರಾಗಿ ನಗಿ, ಈಗ ಹೊಟ್ಟೆ ಹಿಡ್ಕೊಳ್ಳಿ, ಈಗ ಅಚ್ಚರಿ' ಅಂತ ಹೇಳಿದ, ಕ್ಯಾಮೆರಾ ನಮ್ಮ ಮುಖ ಹಿಡಿಯಿತು. ಯಾವ ಜೋಕಿಗೆ ನಾನು ಹೊಟ್ಟೆ ಹಿಡಿದುಕೊಂಡೆ ಅನ್ನುವುದು ಪ್ರಸಾರವಾದ ದಿನ ಗೊತ್ತಾಯಿತು. ಬಹಳ ಕೆಟ್ಟ ಜೋಕು. ಅದೇ ಕಾರ್ಯಕ್ರಮದಲ್ಲಿ ಒಬ್ಬ ನಟ ನಿಜವಾಗಿಯೂ ಮಾತು ಮರೆತು, ಏನೋ ಒದ್ದಾಡಿ, ಚಪ್ಪಲಿ ಕುರಿತು ಒಂದು ಮಾತು ಸೇರಿಸಿದ್ದ. ನಾವೆಲ್ಲ ಯಾರೂ ಹೇಳದೆ ನಕ್ಕಿದ್ದು ಅದೊಂದಕ್ಕೇ. ಅದನ್ನು ಕಟ್ ಮಾಡಿದ್ದರು.

ಈ ರೋಗ ನಮ್ಮದೊಂದೇ ಅಲ್ಲ. ಅಮೆರಿಕದಲ್ಲಿ ಚಾರ್ಲಿ ಡಗ್ಲಸ್ ಎಂಬ ಸೌಂಡ್ ಎಂಜಿನಿಯರ್ 1950ರ ದಶಕದಲ್ಲಿ ನಗುವಿನ ಪೆಟ್ಟಿಗೆಯನ್ನೇ ತಯಾರಿಸಿದ. ಟೈಪ್‌ರೈಟರಿನ ಹಾಗೆ ಕೀಲಿಗಳು. ಒಂದು ಒತ್ತಿದರೆ ಮುಸಿನಗು, ಇನ್ನೊಂದಕ್ಕೆ ಗಹಗಹಿಸುವ ನಗು. ಡಗ್ಲಸ್ ಸ್ಟುಡಿಯೊದಿಂದ ಸ್ಟುಡಿಯೊಗೆ ಅದನ್ನು ಹೊತ್ತುಕೊಂಡು ಹೋಗಿ, ಬೀಗ ಹಾಕಿಟ್ಟು, ಗುಟ್ಟಾಗಿ ಬಳಸುತ್ತಿದ್ದ. ಪ್ಯಾರಿಸ್ಸಿನ ಬಾಡಿಗೆ ನಗೆಗಾರರಿಗೆ ಕೊನೇಪಕ್ಷ ಸಂಜೆಗೆ ಒಂದಿಷ್ಟು ಕಾಸು ಸಿಗುತ್ತಿತ್ತು. ಪೆಟ್ಟಿಗೆ ಬಂದ ಮೇಲೆ ಅದೂ ಹೋಯಿತು. ಈಗಂತೂ ಕಂಪ್ಯೂಟರಿನಲ್ಲಿ ನಗು, ಅದರ ಮೇಲೆ 'ಟೊಂಯ್' ಅನ್ನುವ ಸದ್ದು, ಪರದೆಯ ಮೇಲೆ ಕಣ್ಣೀರು ಹಾಕಿ ನಗುವ ಎಮೋಜಿ. ನಟನಿಗೆ ಒಂದು ಕ್ಷಣ ಸುಮ್ಮನೆ ನಿಲ್ಲುವ ಅವಕಾಶವೂ ಇಲ್ಲ. ಸುಮ್ಮನೆ ನಿಲ್ಲದವನು ಮರೆಯುವುದಾದರೂ ಹೇಗೆ?

ಇನ್ನೊಂದು ಹೊಟ್ಟೆಯುರಿ. ಆ ಕಾಲದ ಟಿವಿಯಲ್ಲಿ ನೇರ ಪ್ರಸಾರವಾದ ಬಹಳಷ್ಟು ಉಳಿದೇ ಇಲ್ಲ. ಟೇಪು ದುಬಾರಿ, ಅಳಿಸಿ ಮತ್ತೆ ಬಳಸುತ್ತಿದ್ದರು. ಪಿಲೂಸೊ ಬೇಕು ಅಂದರೆ 1963ರಲ್ಲಿ ತೆಗೆದ ಒಂದು ಸಿನಿಮಾ ಕೈಗೆ ಸಿಗುತ್ತದೆ. ಸಾಹಿತಿಯ ಪೆನ್ನು, ಕನ್ನಡಕ, ಊರುಗೋಲನ್ನೆಲ್ಲ ಗಾಜಿನ ಪೆಟ್ಟಿಗೆಯಲ್ಲಿಡುತ್ತೇವೆ. ಲಕ್ಷಾಂತರ ಜನರನ್ನು ನಗಿಸಿದವನ ಕೆಲಸ ಮಾತ್ರ ಟೇಪಿನ ಜತೆ ಹೋಗಲಿ ಅನ್ನುತ್ತೇವೆ. ಎಲ್ಲ ದೇಶದಲ್ಲೂ ಇದೇ ಹಾಡು.

ಅವನ ಸಾವಿನ ಬಗ್ಗೆ ನೀವು ಕೇಳಲಿಲ್ಲ, ಆದರೂ ಹೇಳುತ್ತೇನೆ. ಕಳೆದ ಸಂಚಿಕೆಯಲ್ಲಿ ಜಾಗ ಸಾಲದೆ ಬಿಟ್ಟಿದ್ದೆವು. 1988ರ ಬೇಸಿಗೆಯಲ್ಲಿ ಮಾರ್ ದೆಲ್ ಪ್ಲಾತಾದಲ್ಲಿ 'ಎರಾಮೊಸ್ ತಾನ್ ಪೋಬ್ರೆಸ್' ನಾಟಕ ಮಾಡುತ್ತಿದ್ದ. ಎಷ್ಟು ಬಡವರಾಗಿದ್ದೆವು ನಾವು ಅಂತ ಅರ್ಥ. ಮಾರ್ಚ್ 5ರ ಬೆಳಗ್ಗೆ ಸಮುದ್ರದ ಎದುರಿನ ಕಟ್ಟಡದ ಹನ್ನೊಂದನೇ ಮಹಡಿಯ ಬಾಲ್ಕನಿಯಿಂದ ಬಿದ್ದು ಸತ್ತ. ವಯಸ್ಸು 54. ಸಂಗಾತಿ ನಾನ್ಸಿ ಎರೇರಾ ಆಗ ಗರ್ಭಿಣಿ. ಮಗ ಹುಟ್ಟಿದ್ದು ಆಮೇಲೆ, ಅವನಿಗೂ ಆಲ್ಬೆರ್ತೊ ಅಂತಲೇ ಹೆಸರಿಟ್ಟರು. ಹನ್ನೆರಡು ವರ್ಷದ ಹಿಂದೆ ಆ ಸುಳ್ಳು ಪ್ರಕಟಣೆ ಕೇಳಿದ್ದವರಲ್ಲಿ ಎಷ್ಟೋ ಜನ ಈ ಸಲವೂ ತಮಾಷೆಯೇ ಇರಬೇಕು ಅಂದುಕೊಂಡಿದ್ದರೆ ಆಶ್ಚರ್ಯವಿಲ್ಲ.

ಈಗ ಬ್ಯೂನಸ್ ಐರಿಸ್‌ನ ಕೊರಿಯೆಂತೆಸ್ ರಸ್ತೆಯಲ್ಲಿ ಬೋರ್ಹೆಸ್ ಮತ್ತು ಆಲ್ವಾರೆಸ್ ಪ್ರತಿಮೆಗಳಾಗಿ ಕೂತಿದ್ದಾರೆ. ಪಕ್ಕದಲ್ಲಿ ಕೂತು ಫೋಟೊ ತೆಗೆಸಿಕೊಳ್ಳುವವರಿಗೇನೂ ಕಡಿಮೆಯಿಲ್ಲ.

ನಿಮ್ಮ ತಾತೊಗೆ ಅನ್ಯಾಯವಾಗಬಾರದು. ನೀವೇ ಒಂದು ಲೇಖನ ಬರೆದು ಕಳಿಸಿ, ಎಂಟುನೂರು ಪದ ದಾಟದಿರಲಿ. ಮುಂದಿನ ಸಂಚಿಕೆಯಲ್ಲಿ ಹಾಕುತ್ತೇನೆ. ಮಧ್ಯೆ ಎಲ್ಲಾದರೂ ಬರೆಯುತ್ತಾ ಬರೆಯುತ್ತಾ ದಾರಿ ತಪ್ಪಿದರೆ ಹಾಗೇ ಬಿಡಿ, ತಿದ್ದಬೇಡಿ. ಆ ಭಾಗಕ್ಕೆ ನಾನು ಕತ್ತರಿ ಹಾಕುವುದಿಲ್ಲ.

— ಸಂಪಾದಕ